ಎರಡು ಬಾಗಿಲು

1960ರ ಬೇಸಿಗೆ ರಜೆ. ಓಹಿಯೋದಲ್ಲಿ ಓದುತ್ತಿದ್ದ ನಾನು ಕಪ್ಪು ಜನಾಂಗದ ಸಹಪಾಠಿಯೊಬ್ಬನ ಜೊತೆ ಅವನ ಊರಿಗೆ ಹೊರಟಿದ್ದೆ. ಅಲಬಾಮಾದ ಒಂದು ಬಸ್ ನಿಲ್ದಾಣದಲ್ಲಿ ಎರಡು ಬಾಗಿಲು: ‘ಬಿಳಿಯರಿಗೆ’, ‘ವರ್ಣೀಯರಿಗೆ’. ಅವನು ಮಾತಿಲ್ಲದೆ ಎರಡನೆಯದರೊಳಗೆ ಹೋದ. ನಾನು ನಿಂತೇ ಇದ್ದೆ. ಗುಮಾಸ್ತನೊಬ್ಬ ಯಾವ ದೇಶವೆಂದು ಕೇಳಿದ. ಇಂಡಿಯಾ ಎಂದೆ. ಪರದೇಶದವನಿಗೆ ಅಡ್ಡಿಯಿಲ್ಲವೆಂದು ಮೊದಲ ಬಾಗಿಲು ತೋರಿಸಿದ. ಹೋದೆ, ಕೂತು ಕಾಫಿಯನ್ನೂ ಕುಡಿದೆ.

ಬಸ್ಸಿನ ಹಿಂದಿನ ಸೀಟಿನಲ್ಲಿ ಅವನು ಪೊಟ್ಟಣ ಬಿಚ್ಚಿ ಅರ್ಧ ನನಗೆ ಕೊಟ್ಟ. ದಾರಿಯ ಹೋಟೆಲುಗಳಲ್ಲಿ ತಮ್ಮವರಿಗೆ ಊಟ ಕೊಡುವುದಿಲ್ಲವಂತೆ. ನನಗೆ ನೆನಪಾದದ್ದು ನಮ್ಮ ಹಿತ್ತಿಲು. ಗದ್ದೆಯ ಆಳುಗಳಿಗೆ ಅಜ್ಜಿ ತೆಂಗಿನ ಕರಟಕ್ಕೆ ಎತ್ತರದಿಂದ ಕಾಫಿ ಹೊಯ್ಯುತ್ತಿದ್ದಳು. ಅಲ್ಲಿ ಬೋರ್ಡೇ ಬೇಕಿರಲಿಲ್ಲ. ಅಲ್ಲಿಯವರೆಗೆ ನಾನದನ್ನು ನೋಡಿಯೂ ನೋಡಿರಲಿಲ್ಲ.

1961ರ ನವೆಂಬರಿನಲ್ಲಿ ಅಂತರರಾಜ್ಯ ಬಸ್ ನಿಲ್ದಾಣಗಳ ಆ ಬೋರ್ಡುಗಳನ್ನು ತೆಗೆಯಬೇಕೆಂಬ ಆದೇಶ ಜಾರಿಗೆ ಬಂತು. 1964ರ ನಾಗರಿಕ ಹಕ್ಕುಗಳ ಕಾಯಿದೆ ಹೋಟೆಲುಗಳ ಬಾಗಿಲನ್ನೂ ತೆರೆಸಿತು. 1991ರಲ್ಲಿ ಅವನನ್ನು ಮತ್ತೆ ಕಂಡೆ. ಹೆದ್ದಾರಿಯುದ್ದಕ್ಕೂ ಹೋಟೆಲುಗಳಿದ್ದವು. ಆದರೂ ಕಾರು ಹತ್ತುವ ಮೊದಲು ಅವನು ಊಟ ಕಟ್ಟಿಕೊಂಡ. ಮಗಳು ನಕ್ಕಳು, “ಅಪ್ಪನ ಹಳೇ ಚಾಳಿ” ಎಂದು.

ಅಂದು ಒಳಗೆ ಕಾಫಿ ಕುಡಿದದ್ದನ್ನು ಆಗಲೂ ಅವನಿಗೆ ಹೇಳಲಾಗಲಿಲ್ಲ.