ಮಂಡೇರಾ ಹಾದಿಯ ಗುರಾಣಿ

2014ರ ಏಪ್ರಿಲ್‌ನಲ್ಲಿ ಕೀನ್ಯಾ ಸರಕಾರವು ಭಯೋತ್ಪಾದನಾ ನಿಗ್ರಹದ ಹೆಸರಿನಲ್ಲಿ ಸಾವಿರಾರು ಸೋಮಾಲಿ ಮುಸ್ಲಿಮರನ್ನು ಬಂಧಿಸಿ, ಹಲವರನ್ನು ನೈರೋಬಿಯ ಕಸರಾನಿ ಕ್ರೀಡಾಂಗಣದಲ್ಲಿ ಕೂಡಿಹಾಕಿತು. ಭಯೋತ್ಪಾದನೆ ನಿಲ್ಲಲಿಲ್ಲ. ನವೆಂಬರ್‌ನಲ್ಲಿ ಸೋಮಾಲಿಯಾ ಗಡಿಯ ಮಂಡೇರಾದ ಬಳಿ ಅಲ್-ಶಬಾಬ್ ಉಗ್ರರು ಬಸ್ಸೊಂದನ್ನು ತಡೆದು, ಮುಸ್ಲಿಮೇತರರನ್ನು ಬೇರ್ಪಡಿಸಿ 28 ಮಂದಿಯನ್ನು ಕೊಂದರು.

2015ರ ಡಿಸೆಂಬರ್ 21ರಂದು ಮಂಡೇರಾ ಹಾದಿಯಲ್ಲಿ ಮತ್ತೊಂದು ಬಸ್ಸಿನ ಮೇಲೆ ದಾಳಿ ನಡೆಯಿತು. ಈ ಬಾರಿ ಮುಸ್ಲಿಮ್ ಪ್ರಯಾಣಿಕರು ಬೇರ್ಪಡಲು ಒಪ್ಪಲಿಲ್ಲ. ಕೊಲ್ಲುವುದಾದರೆ ಎಲ್ಲರನ್ನೂ ಕೊಲ್ಲಿ ಎಂದರು. ಮಹಿಳೆಯರು ತಮ್ಮ ಹಿಜಾಬನ್ನು ಕ್ರೈಸ್ತ ಸಹಪ್ರಯಾಣಿಕರಿಗೆ ತೊಡಿಸಿದರು. ಉಗ್ರರು ಹಿಂದೆಗೆದರು. ಗುಂಡೇಟು ತಿಂದ ಶಿಕ್ಷಕ ಸಲಾಹ್ ಫರಾಹ್ ಮುಂದಿನ ತಿಂಗಳು ಕೊನೆಯುಸಿರೆಳೆದರು.

ಯಾವ ಸಮುದಾಯವನ್ನು ಸರಕಾರ ಸಂಶಯದಿಂದ ಕಂಡಿತೋ, ಆ ಸಮುದಾಯವೇ ನೆರೆಯವರ ಜೀವಕ್ಕೆ ಗುರಾಣಿಯಾಯಿತು. ಭಯೋತ್ಪಾದನೆಯನ್ನು ಸೋಲಿಸುವುದು ಇಂತಹ ವಿಶ್ವಾಸವೇ. ಅದನ್ನು ಮುರಿಯುವ ನಿಗ್ರಹವು ಉಗ್ರರಿಗೇ ನೆರವಾಗುತ್ತದೆ.