ಪದ ಪರಿಚಯ: ಹೊಸತು

ಹಳಗನ್ನಡದ ‘ಪೊಸತು’ ಇಂದಿನ ‘ಹೊಸತು’. ಪಕಾರ ಹಕಾರವಾಗಿದ್ದು ನಡುಗನ್ನಡದ ಕಡೆಗೆ ಸಾಗಿದ ಹಾದಿಯಲ್ಲಿ. ತುಳುವಿನಲ್ಲಿ ಇವತ್ತಿಗೂ ‘ಪೊಸ’. ತಮಿಳಿನ ‘ಪುದು’ ಇದರ ಸೋದರ. ರೋಣ, ಗಜೇಂದ್ರಗಡದ ಸಂತೆಯಲ್ಲಿ ಜೋಳಕ್ಕೂ ಸೀರೆಗೂ ‘ಹೊಸಾದು’ ಅಂದರೆ ಸಾಕು, ಬೆಲೆ ಬೇರೆ.

ಕವಿತೆ ‘ಹೊಸೆಯುವ’ ಹೊಸೆ ಮಾತ್ರ ಇದರ ನೆಂಟನಲ್ಲ. ಅದು ಹುರಿ ಮಾಡು, ತಿಕ್ಕು ಎಂಬರ್ಥದ ‘ಪೊಸೆ’ಯಿಂದ ಬಂದದ್ದು.

‘ಹೊಸತು’ ಪದಕ್ಕೆ ಸೊಗಸಾದ ಸಾಕ್ಷಿ ರೋಣ ತಾಲ್ಲೂಕಿನಲ್ಲೇ ಇದೆ. ಇಂದಿನ ಸವಡಿ ಎಂದು ಗುರುತಿಸಲಾಗಿರುವ ಸಯ್ಯಡಿಯ ದುರ್ಗಸಿಂಹ, ಚಾಲುಕ್ಯ ಜಯಸಿಂಹನ ಸಂಧಿವಿಗ್ರಹಿ. 1031ರ ತನ್ನ ‘ಪಂಚತಂತ್ರ’ದಲ್ಲಿ, ವಸುಭಾಗಭಟ್ಟನ ಕೃತಿಯನ್ನು ಕನ್ನಡದಲ್ಲಿ ‘ಪೊಸತಾಗಿರೆ’ ರಚಿಸುವೆನೆಂದು ಹೇಳಿಕೊಂಡ. ಕಥೆ ಹಳೆಯದು, ಅದನ್ನು ಮುಚ್ಚಿಡಲೂ ಇಲ್ಲ. ಹಾಗಾದರೆ ಹೊಸತು ಯಾವುದು? ಭಾಷೆ, ಚಂಪೂವಿನ ಹೆಣಿಗೆ, ಓದುಗ. ಅನುವಾದವೆಂದರೆ ಎರಡನೇ ದರ್ಜೆ ಎನ್ನುವವರಿಗೆ ಇದು ಒಳ್ಳೆಯ ಉತ್ತರವೆಂದು ನನಗನಿಸುತ್ತದೆ. ವಸುಭಾಗನ ಸಂಸ್ಕೃತ ಮೂಲ ಈಗ ಸಿಗುವುದಿಲ್ಲ. ‘ಹೊಸತೇ’ ಹಳೆಯದನ್ನು ಕಾದಿದೆ.

ಸೃಜನಶೀಲತೆ ಕುರಿತು ಬರೆದ ಮಾರ್ಗರೆಟ್ ಬೋಡನ್ 1990ರಲ್ಲಿ ಎರಡು ಬಗೆಯ ಹೊಸತನ್ನು ಬೇರ್ಪಡಿಸಿದರು: ಯೋಚಿಸಿದವನಿಗೆ ಮಾತ್ರ ಹೊಸತು, ಇಡೀ ಚರಿತ್ರೆಗೇ ಹೊಸತು. ದುರ್ಗಸಿಂಹನ ಪೊಸತು ಇವೆರಡರಲ್ಲೂ ಪೂರ್ತಿ ಕೂರುವುದಿಲ್ಲ. ಅದು ಒಂದು ನುಡಿಗೆ ಹೊಸತು.