ರಜೆಯಲ್ಲಿ ಗೆದ್ದವನು

ಚಿಕ್ಕಂದಿನಲ್ಲಿ ನಾನು ನಮ್ಮೂರ ಕ್ಲಬ್ಬಿನಲ್ಲಿ ಟೆನಿಸ್ ಚೆಂಡು ಹೆಕ್ಕಿಕೊಡುತ್ತಿದ್ದೆ. ರ‍್ಯಾಕೆಟ್ ಮುಟ್ಟುವ ಹಾಗಿರಲಿಲ್ಲ. ಅದಕ್ಕೇ ಏನೋ, ಹ್ಯಾಡೋ ಎಂಬಾತನ ಕಥೆ ನನ್ನನ್ನು ಕಾಡುತ್ತದೆ.

1877ರಲ್ಲಿ ವಿಂಬಲ್ಡನ್ನಿನ ಮೊದಲ ಪಂದ್ಯಾವಳಿಗೆ ಹೆಸರು ಕೊಟ್ಟವರು 22 ಮಂದಿ. ಗೆದ್ದವನು ಸ್ಪೆನ್ಸರ್ ಗೋರ್. ನೆಟ್ಟಿನ ಬಳಿಗೆ ನುಗ್ಗಿ, ಚೆಂಡು ನೆಲ ಮುಟ್ಟುವ ಮೊದಲೇ ಹೊಡೆಯುವುದು ಅವನ ವರಸೆ. ಮರುವರ್ಷ, ಸಿಲೋನಿನ ಕಾಫಿ ತೋಟದಿಂದ ರಜೆಗೆ ಬಂದಿದ್ದ ಫ್ರ್ಯಾಂಕ್ ಹ್ಯಾಡೋ, ಗೋರ್‌ನ ತಲೆಯ ಮೇಲಿಂದ ಚೆಂಡನ್ನು ಎತ್ತಿ ಹಾಕಿ ಹಾಕಿಯೇ ಅವನನ್ನು ಸೋಲಿಸಿದ. ರಜೆ ಮುಗಿಯಿತು, ತೋಟಕ್ಕೆ ಹಿಂದಿರುಗಿದ. ಪಟ್ಟ ಉಳಿಸಿಕೊಳ್ಳಲು ಬರಲೇ ಇಲ್ಲ.

ಉಳ್ಳವರ ಬಿಡುವಿನ ಆಟ ಅದು. ಗೆದ್ದದ್ದನ್ನು ಬಿಟ್ಟು ಹೋಗುವುದೂ ಅವರಿಗೆ ಸಲೀಸು. ಬೇಲಿಯಾಚೆ ಬಿದ್ದ ಚೆಂಡಿನ ಹಿಂದೆ ಓಡಿದ ನನಗೆ ಮಾತ್ರ, ಒಂದೇ ಒಂದು ಹೊಡೆತದ ಆಸೆ ಇನ್ನೂ ಬಿಟ್ಟಿಲ್ಲ.